ಜೋ ಫ್ರೇಜಿಯರ್‌ಗೆ ನಾವು ಉಳಿಸಿಕೊಂಡಿರುವ ಬಾಕಿ

ಮಹಮ್ಮದ್ ಅಲಿಯ ಬಗ್ಗೆ ಬರೆಯುವವರಿಗೆ ಒಂದು ಸಿದ್ಧ ಮಾದರಿ ಇದೆ. ರೋಮ್‌ನ ಒಲಿಂಪಿಕ್ ಚಿನ್ನ, ಹೆಸರಿನ ಬದಲಾವಣೆ, ವಿಯೆಟ್ನಾಂ ಯುದ್ಧಕ್ಕೆ ಹೋಗಲಾರೆ ಎಂದ ದಿಟ್ಟತನ, ಕಿತ್ತುಕೊಂಡ ಪಟ್ಟ, ಮತ್ತೆ ಗೆದ್ದುಕೊಂಡ ಪಟ್ಟ, ಕೊನೆಗೆ ಅಟ್ಲಾಂಟಾದಲ್ಲಿ ನಡುಗುವ ಕೈಯಿಂದ ಹೊತ್ತಿಸಿದ ಜ್ಯೋತಿ. ಈ ಕಥೆಯ ನಡುವೆ ಜೋ ಫ್ರೇಜಿಯರ್ ಎಂಬೊಬ್ಬ ಬಂದು ಹೋಗುತ್ತಾನೆ. ಅವನು ಅಲಿಯನ್ನು ಒಮ್ಮೆ ಸೋಲಿಸಿದವನು, ಎರಡು ಸಲ ಅಲಿಯಿಂದ ಸೋತವನು. ಅಲಿಯ ಮಹತ್ವ ಎಷ್ಟೆಂದು ತೋರಿಸಲು ಬೇಕಾದ ಅಳತೆಗೋಲು ಅವನು. ಅದರಾಚೆಗೆ ಅವನಿಗೊಂದು ಬದುಕಿತ್ತು ಎಂಬುದು ಆ ಮಾದರಿಯೊಳಗೆ ಹಿಡಿಸುವುದಿಲ್ಲ.

ನನ್ನ ತಕರಾರು ಅಲಿಯ 1967ರ ನಿರಾಕರಣೆಯ ಬಗ್ಗೆ ಅಲ್ಲ. ಆ ವರ್ಷ ಏಪ್ರಿಲ್ 28ರಂದು ಹ್ಯೂಸ್ಟನ್‌ನ ಸೇನಾ ಭರ್ತಿ ಕೇಂದ್ರದಲ್ಲಿ ಹೆಸರು ಕೂಗಿದಾಗ ಅವನು ಒಂದು ಹೆಜ್ಜೆ ಮುಂದಿಡಲಿಲ್ಲ. ಅದಕ್ಕಾಗಿ ಪಟ್ಟ, ಲೈಸೆನ್ಸ್, ಪಾಸ್‌ಪೋರ್ಟ್ ಕಳೆದುಕೊಂಡ. ಐದು ವರ್ಷದ ಜೈಲು ಶಿಕ್ಷೆಯ ಕತ್ತಿ ತಲೆಯ ಮೇಲೆ ತೂಗುತ್ತಿತ್ತು. ವಯಸ್ಸಿನ ಅತ್ಯುತ್ತಮ ಮೂರೂವರೆ ವರ್ಷಗಳನ್ನು ರಿಂಗಿನ ಹೊರಗೆ ಕಳೆದ. ಈ ಧೈರ್ಯವನ್ನು ಯಾರೂ ಸಣ್ಣದು ಮಾಡಲಾಗದು. ನಾನು ಪ್ರಶ್ನಿಸುತ್ತಿರುವುದು ಆ ಧೈರ್ಯವನ್ನು ಒಂದು ಪರವಾನಗಿಯಂತೆ ಬಳಸಿಕೊಂಡದ್ದನ್ನು. ಅಲಿ ತನ್ನಷ್ಟೇ ಕಪ್ಪಾದ, ತನಗಿಂತ ಬಡವನಾದ ಒಬ್ಬನ ಮೇಲೆ ಅದನ್ನು ಬಳಸಿದ. ಅವನನ್ನು ಮೆಚ್ಚುವ ಪ್ರಗತಿಪರರು ಅಂದು ಅದಕ್ಕೆ ಚಪ್ಪಾಳೆ ತಟ್ಟಿದರು, ಇಂದಿಗೂ ಅದನ್ನು ತಮಾಷೆ ಎಂದೇ ದಾಟಿಸುತ್ತಾರೆ.

ಫ್ರೇಜಿಯರ್ ಹುಟ್ಟಿದ್ದು 1944ರ ಜನವರಿ 12ರಂದು, ಸೌತ್ ಕೆರೊಲಿನಾದ ಬ್ಯೂಫರ್ಟ್‌ನಲ್ಲಿ. ದೊಡ್ಡ ಸಂಸಾರದ ಕಿರಿಯ ಮಗ. ಅಪ್ಪ ರೂಬಿನ್ ಗುಂಡೇಟಿನಿಂದ ಎಡಗೈ ಕಳೆದುಕೊಂಡಿದ್ದ. ಅಪ್ಪನ ಜೊತೆಗೇ ಇದ್ದು ಅವನ ಎಡಗೈಯಾಗಿ ಕೆಲಸ ಮಾಡುವುದು ಈ ಹುಡುಗನ ಪಾಲಿಗೆ ಬಂತು. ಬಾಲ್ಯದಲ್ಲಿ ಹಂದಿಯೊಂದು ಅಟ್ಟಿಸಿಕೊಂಡು ಬಂದಾಗ ಬಿದ್ದು ಅವನದೇ ಎಡಗೈ ಮುರಿಯಿತು. ಡಾಕ್ಟರಿಗೆ ಕೊಡಲು ಹಣವಿಲ್ಲದ್ದರಿಂದ ಅದು ತಾನೇ ಕೂಡಿಕೊಂಡು, ಪೂರ್ತಿ ನೆಟ್ಟಗಾಗದೆ ಸ್ವಲ್ಪ ಬಾಗಿಯೇ ಉಳಿಯಿತು. ಮುಂದೆ ಜಗತ್ತು ಹೆದರಿದ ಲೆಫ್ಟ್ ಹುಕ್ ಇದೇ ಕೈಯದು.

ಹದಿಹರೆಯದಲ್ಲಿ ಅವನು ಬಿಳಿಯ ಜಮೀನುದಾರನೊಬ್ಬನ ಹೊಲದಲ್ಲಿ ಕೂಲಿಗಿದ್ದ. ಆ ಯಜಮಾನ ಕಪ್ಪು ಹುಡುಗನೊಬ್ಬನನ್ನು ಬೆಲ್ಟಿನಿಂದ ಬಾರಿಸಿದ್ದನ್ನು ಕಂಡು ಇತರ ಕೂಲಿಗಳಿಗೆ ಹೇಳಿದ. ಸುದ್ದಿ ಯಜಮಾನನಿಗೆ ತಲುಪಿ ಅವನು ಎದುರು ಬಂದಾಗಲೂ ತಲೆ ತಗ್ಗಿಸಲಿಲ್ಲ, ಕೆಲಸ ಕಳೆದುಕೊಂಡ. ಬಿಳಿಯರೊಂದಿಗೆ ಹೊಂದಿಕೊಂಡು ಬಾಳಲಾಗದಿದ್ದರೆ ಊರು ಬಿಡು ಎಂದು ಅವ್ವ ಹೇಳಿದಳು. ಇದನ್ನು ಫ್ರೇಜಿಯರ್ ತನ್ನ ಆತ್ಮಕಥೆಯಲ್ಲಿ ಹೇಳಿಕೊಂಡಿದ್ದಾನೆ. ಇದು ನಡೆದ ಕಾಲವನ್ನು ನೆನಪಿಡಬೇಕು. 1955ರಲ್ಲಿ ಮಿಸಿಸಿಪ್ಪಿಯಲ್ಲಿ ಹದಿನಾಲ್ಕು ವರ್ಷದ ಎಮ್ಮೆಟ್ ಟಿಲ್‌ನನ್ನು ಕೊಂದು ನದಿಗೆ ಎಸೆದವರನ್ನು ಬಿಳಿಯರೇ ತುಂಬಿದ್ದ ಜ್ಯೂರಿ ಬಿಡುಗಡೆ ಮಾಡಿ ಹೆಚ್ಚು ವರ್ಷಗಳಾಗಿರಲಿಲ್ಲ. ಅಂಥ ದಕ್ಷಿಣದಲ್ಲಿ ಒಬ್ಬ ಕೂಲಿ ಹುಡುಗ ಯಜಮಾನನ ಎದುರು ನಿಲ್ಲುವುದೆಂದರೆ ಪ್ರಾಣದ ಪ್ರಶ್ನೆ. ಅಲ್ಲಿ ಕ್ಯಾಮೆರಾ ಇರಲಿಲ್ಲ. ಹದಿನೈದರ ಹುಡುಗ ಗ್ರೇಹೌಂಡ್ ಬಸ್ಸು ಹತ್ತಿ ಉತ್ತರಕ್ಕೆ ಹೋದ.

ಫಿಲಡೆಲ್ಫಿಯಾದಲ್ಲಿ ಅವನಿಗೆ ಸಿಕ್ಕಿದ್ದು ಕಸಾಯಿಖಾನೆಯ ಕೆಲಸ. ಹಗಲು ರಕ್ತ ತೊಳೆಯುವುದು, ಮಾಂಸ ಸಾಗಿಸುವುದು. ಸಂಜೆ ಪೊಲೀಸರು ನಡೆಸುತ್ತಿದ್ದ ಜಿಮ್‌ನಲ್ಲಿ ಬಾಕ್ಸಿಂಗ್. 1964ರ ಟೋಕಿಯೊ ಒಲಿಂಪಿಕ್ಸ್‌ಗೆ ಅವನು ಹೋದದ್ದು ತಂಡಕ್ಕೆ ಆಯ್ಕೆಯಾಗಿದ್ದ ಬಸ್ಟರ್ ಮ್ಯಾಥಿಸ್ ಕೈ ಪೆಟ್ಟು ಮಾಡಿಕೊಂಡದ್ದರಿಂದ. ಸೆಮಿಫೈನಲ್‌ನಲ್ಲಿ ಎಡಗೈ ಹೆಬ್ಬೆರಳು ಮುರಿಯಿತು. ಹೇಳಿದರೆ ಫೈನಲ್ ಆಡಲು ಬಿಡುವುದಿಲ್ಲವೆಂದು ಯಾರಿಗೂ ಹೇಳದೆ, ಜರ್ಮನಿಯ ಹಾನ್ಸ್ ಹ್ಯೂಬರ್ ಎದುರು 3-2ರ ತೀರ್ಪಿನಲ್ಲಿ ಗೆದ್ದ. ಚಿನ್ನದ ಪದಕ ತಂದವನಿಗೆ ಊರಿನಲ್ಲಿ ಕಾದಿದ್ದು ನಿರುದ್ಯೋಗ. ಮುರಿದ ಕೈಗೆ ಕಸಾಯಿಖಾನೆಯಲ್ಲಿ ಕೆಲಸವಿರಲಿಲ್ಲ.

1967ರಲ್ಲಿ ಅಲಿಯ ಪಟ್ಟ ಕಿತ್ತುಕೊಂಡ ವಿಶ್ವ ಬಾಕ್ಸಿಂಗ್ ಸಂಸ್ಥೆ, ಖಾಲಿ ಬಿದ್ದ ಪಟ್ಟಕ್ಕಾಗಿ ಎಂಟು ಜನರ ಪಂದ್ಯಾವಳಿ ಏರ್ಪಡಿಸಿತು. ಫ್ರೇಜಿಯರ್ ಅದರಲ್ಲಿ ಸೇರಲಿಲ್ಲ. ಹಾಗೆಂದು ಅವನು ಪಟ್ಟವೇ ಬೇಡ ಎಂದವನಲ್ಲ: 1968ರಲ್ಲಿ ನ್ಯೂಯಾರ್ಕ್ ರಾಜ್ಯ ಮಾನ್ಯ ಮಾಡಿದ ಪಟ್ಟವನ್ನು ಮ್ಯಾಥಿಸ್‌ನನ್ನೇ ಸೋಲಿಸಿ ಪಡೆದ, 1970ರ ಫೆಬ್ರವರಿಯಲ್ಲಿ ಜಿಮ್ಮಿ ಎಲ್ಲಿಸ್‌ನನ್ನು ಸೋಲಿಸಿ ನಿರ್ವಿವಾದ ಚಾಂಪಿಯನ್ ಆದ. ಈ ವರ್ಷಗಳಲ್ಲಿ ಅಲಿ ಹಣವಿಲ್ಲದೆ ಒದ್ದಾಡುತ್ತಿದ್ದಾಗ ತಾನು ನೆರವಾದೆ ಎಂದು ಫ್ರೇಜಿಯರ್ ಹೇಳಿದ್ದಾನೆ. ಅಲಿಗೆ ಲೈಸೆನ್ಸ್ ವಾಪಸು ಸಿಗಬೇಕೆಂಬ ಮಾತನ್ನೂ ಆಡಿದ. ಇದರಲ್ಲಿ ಅವನ ಸ್ವಾರ್ಥವೂ ಇತ್ತು, ಒಪ್ಪೋಣ. ಅಲಿ ಮರಳದೆ ದೊಡ್ಡ ಪಂದ್ಯವಿಲ್ಲ, ದೊಡ್ಡ ಹಣವಿಲ್ಲ. ಆದರೆ ಯುದ್ಧವನ್ನು ಬೆಂಬಲಿಸುವ ದೇಶದ ಅರ್ಧ ಜನ ಅಲಿಯನ್ನು ದ್ರೋಹಿ ಎನ್ನುತ್ತಿದ್ದಾಗ, ಆ ಕೂಗಿಗೆ ದನಿಗೂಡಿಸಿ ಅಗ್ಗದ ಜನಪ್ರಿಯತೆ ಗಳಿಸುವ ಅವಕಾಶ ಅವನಿಗಿತ್ತು. ಅವನು ಅದನ್ನು ಬಳಸಿಕೊಳ್ಳಲಿಲ್ಲ.

ಇದಕ್ಕೆ ಪ್ರತಿಯಾಗಿ ಅಲಿ ಏನು ಮಾಡಿದ? ಫ್ರೇಜಿಯರ್‌ನನ್ನು ಅಂಕಲ್ ಟಾಮ್ ಎಂದ. ಹ್ಯಾರಿಯೆಟ್ ಬೀಚರ್ ಸ್ಟೋವ್‌ಳ 1852ರ ಕಾದಂಬರಿಯ ಪಾತ್ರದ ಹೆಸರದು. ಬಿಳಿಯರಿಗೆ ಬಾಲ ಅಲ್ಲಾಡಿಸುವ ಕಪ್ಪು ಮನುಷ್ಯ ಎಂಬ ಅರ್ಥದಲ್ಲಿ, ಕಪ್ಪು ಜನರ ನಡುವೆ ಇದಕ್ಕಿಂತ ದೊಡ್ಡ ಬೈಗುಳ ಇಲ್ಲ. ಫ್ರೇಜಿಯರ್ ಗೆಲ್ಲಲಿ ಎನ್ನುವ ಕಪ್ಪು ವರ್ಣೀಯರೂ ಅಂಥವರೇ ಎಂದ. ಅವನು ಪೆದ್ದ, ಮಾತು ಬಾರದವನು, ಕುರೂಪಿ ಎಂದ. ಒಂದೊಂದನ್ನೂ ಸತ್ಯದ ಪಕ್ಕ ಇಟ್ಟು ನೋಡೋಣ.

ಮೊದಲನೆಯದು, ಬಿಳಿಯರ ಕೈಗೊಂಬೆ ಎಂಬ ಆರೋಪ. ಫ್ರೇಜಿಯರ್‌ಗೆ ಹಣ ಹೂಡಿದ್ದು ಕ್ಲೋವರ್‌ಲೇ ಎಂಬ ಹೂಡಿಕೆದಾರರ ಕೂಟ, ಅದರಲ್ಲಿ ಬಿಳಿಯರು ಹೆಚ್ಚಿದ್ದರು. ಆದರೆ 1960ರಲ್ಲಿ ಅಲಿಯ ವೃತ್ತಿ ಶುರುವಾದದ್ದೂ ಲೂಯಿವಿಲ್‌ನ ಹನ್ನೊಂದು ಬಿಳಿಯ ಶ್ರೀಮಂತರ ಕೂಟದ ಹಣದಿಂದಲೇ. ಅಲಿಯ ಮೂಲೆಯಲ್ಲಿ ಕೊನೆಯವರೆಗೂ ನಿಂತ ತರಬೇತುದಾರ ಏಂಜೆಲೊ ಡಂಡಿ ಬಿಳಿಯ. ಫ್ರೇಜಿಯರ್‌ನನ್ನು ಬೆಳೆಸಿದ ಯಾಂಕ್ ಡರ್ಹ್ಯಾಮ್ ಮತ್ತು ಅವನ ನಂತರ ಬಂದ ಎಡ್ಡಿ ಫಚ್ ಇಬ್ಬರೂ ಕಪ್ಪು ವರ್ಣೀಯರು. ಅಲಿಯ ಅಪ್ಪ ಲೂಯಿವಿಲ್‌ನಲ್ಲಿ ಬೋರ್ಡು ಬರೆಯುವ ಪೇಂಟರ್. ಶ್ರೀಮಂತರಲ್ಲದಿದ್ದರೂ ಸ್ವಂತ ಮನೆಯಿದ್ದ ಕುಟುಂಬ ಅದು. ಹೊಲದ ಕೂಲಿಯಿಂದ ಕಸಾಯಿಖಾನೆಗೆ ಬಂದವನಿಗೆ ನೀನು ನಿಜವಾದ ಕಪ್ಪು ಮನುಷ್ಯನಲ್ಲ ಎಂದು ಇವನು ತೀರ್ಪು ಕೊಟ್ಟ. ಅದೇ ಅಲಿ ತಾನು ಕು ಕ್ಲಕ್ಸ್ ಕ್ಲಾನ್‌ನ ಸಭೆಯೊಂದರಲ್ಲಿ ಮಾತಾಡಿದ್ದಾಗಿ 1975ರ ಸಂದರ್ಶನವೊಂದರಲ್ಲಿ ಹೇಳಿಕೊಂಡ. ಕಪ್ಪು ಬಿಳಿ ಬೆರೆಯಬಾರದು ಎಂಬ ವಿಷಯದಲ್ಲಿ ಅವನ ನೇಷನ್ ಆಫ್ ಇಸ್ಲಾಂಗೂ ಆ ಕೊಲೆಗಡುಕರಿಗೂ ಸಹಮತವಿತ್ತು. ಹಾಗಾದರೆ ಯಾರು ಯಾರ ಅಂಕಲ್ ಟಾಮ್?

ಎರಡನೆಯದು, ಪೆದ್ದತನ ಮತ್ತು ಮಾತು. 1964ರಲ್ಲಿ ಸೇನೆಯ ಲಿಖಿತ ಅರ್ಹತಾ ಪರೀಕ್ಷೆಯಲ್ಲಿ ಅಲಿಯೇ ಫೇಲಾಗಿದ್ದ. ಎರಡು ವರ್ಷದ ನಂತರ ಸೈನಿಕರ ಕೊರತೆಯಿಂದ ಮಟ್ಟವನ್ನು ಕೆಳಗಿಳಿಸಿದ ಮೇಲೆಯೇ ಅವನು ಅರ್ಹನಾದದ್ದು. ಓದು ಕೈಹತ್ತದಿರುವುದು ನಾಚಿಕೆಯ ವಿಷಯವಲ್ಲ. ತನ್ನಂಥವನೇ ಇನ್ನೊಬ್ಬನನ್ನು ಅದಕ್ಕಾಗಿ ಹೀಯಾಳಿಸುವುದು ನಾಚಿಕೆಯ ವಿಷಯ. ಬ್ಯೂಫರ್ಟ್ ಇರುವ ಕರಾವಳಿ ಗುಲ್ಲಾ ಜನರ ನಾಡು. ಭತ್ತದ ಗದ್ದೆಗಳಲ್ಲಿ ದುಡಿಸಲು ಪಶ್ಚಿಮ ಆಫ್ರಿಕಾದಿಂದ ಹೊತ್ತು ತಂದ ಗುಲಾಮರ ವಂಶಸ್ಥರು ಅವರು. ಅಮೆರಿಕದ ಕಪ್ಪು ಜನರ ಆಡುಮಾತುಗಳಲ್ಲಿ ಆಫ್ರಿಕಾದ ಪದಗಳನ್ನೂ ವಾಕ್ಯದ ಲಯವನ್ನೂ ಹೆಚ್ಚು ಉಳಿಸಿಕೊಂಡದ್ದು ಅವರ ನುಡಿ. ಆ ನುಡಿಯ ಛಾಯೆಯಿದ್ದ ಮಾತನ್ನು ಅಲಿ ಟಿವಿಯಲ್ಲಿ ಅಣಕಿಸಿದ, ಜನ ನಕ್ಕರು. ಊರ ಮಾತಿನಲ್ಲಿ ಬಾಯಿ ತೆರೆದರೆ ದಡ್ಡ ಎನಿಸಿಕೊಳ್ಳುವ ಅನುಭವ ಏನೆಂದು ಕಲಬುರಗಿಯಿಂದಲೋ ಚಾಮರಾಜನಗರದಿಂದಲೋ ಬೆಂಗಳೂರಿಗೆ ಬಂದ ಯಾವ ವಿದ್ಯಾರ್ಥಿಗೂ ವಿವರಿಸಬೇಕಿಲ್ಲ. ಅದನ್ನು ಬಲ್ಲ ನಾವೂ ಈ ಅಣಕವನ್ನು ಅಲಿಯ ವಾಕ್ಚಾತುರ್ಯ ಎಂದು ಮೆಚ್ಚುವುದು ಹೇಗೆ?

ಮೂರನೆಯದು, ರೂಪ. ಅಲಿ ತನ್ನನ್ನು ಚೆಲುವ ಎಂದು ಹೊಗಳಿಕೊಳ್ಳುತ್ತಿದ್ದದ್ದು ಸರಿ, ಕಪ್ಪು ಸುಂದರ ಎಂದು ಸಾರಬೇಕಿದ್ದ ಕಾಲ ಅದು. ಆದರೆ ತನಗಿಂತ ಗಾಢ ಬಣ್ಣದ, ಅಗಲ ಮೂಗಿನ ಫ್ರೇಜಿಯರ್‌ನನ್ನು ಅದೇ ಉಸಿರಿನಲ್ಲಿ ಕುರೂಪಿ ಎಂದ. ಮನಿಲಾದ ಪಂದ್ಯದ ಹೊತ್ತಿಗೆ ಗೊರಿಲ್ಲಾ ಎಂದ, ಜೇಬಿನಿಂದ ಗೊರಿಲ್ಲಾದ ರಬ್ಬರ್ ಬೊಂಬೆ ತೆಗೆದು ಪತ್ರಕರ್ತರ ಮುಂದೆ ಗುದ್ದಿ ನಗಿಸಿದ. ಕಪ್ಪು ಮನುಷ್ಯ ವಾನರ ಎಂಬುದು ಗುಲಾಮಗಿರಿಯನ್ನು ಸಮರ್ಥಿಸಲು ಬಿಳಿಯರು ಕಟ್ಟಿದ ಅತಿ ಹಳೆಯ ಸುಳ್ಳು. ಅದನ್ನು ಒಬ್ಬ ಬಿಳಿಯ ಬಾಕ್ಸರ್ ಆಡಿದ್ದರೆ ನಾವು ಇಂದಿಗೂ ಅವನ ಹೆಸರು ಹೇಳಿ ಉಗಿಯುತ್ತಿದ್ದೆವು. ಅಲಿ ಆಡಿದ್ದರಿಂದ ಅದು ಪ್ರಾಸವಾಯಿತು.

ಇದಕ್ಕೆಲ್ಲ ಒಂದು ಸಿದ್ಧ ಉತ್ತರವಿದೆ: ಅದೆಲ್ಲ ಟಿಕೆಟ್ ಮಾರಲು ಮಾಡಿದ ಪ್ರಚಾರ. 2001ರಲ್ಲಿ ನ್ಯೂಯಾರ್ಕ್ ಟೈಮ್ಸ್ ಪತ್ರಿಕೆಯ ಮೂಲಕ ಕ್ಷಮೆ ಕೇಳಿದಾಗ ಅಲಿ ಹೇಳಿದ್ದೂ ಇದನ್ನೇ. ಆದರೆ ಲೆಕ್ಕ ನೋಡಿ. 1971ರ ಮಾರ್ಚ್ 8ರ ಪಂದ್ಯಕ್ಕೆ ಇಬ್ಬರಿಗೂ ತಲಾ 25 ಲಕ್ಷ ಡಾಲರ್ ಮೊದಲೇ ನಿಗದಿಯಾಗಿತ್ತು. ಪಾಲಿನ ಲೆಕ್ಕವಲ್ಲ, ಇಡಿಗಂಟು. ಟಿಕೆಟ್ ಎಷ್ಟೇ ಮಾರಾಟವಾದರೂ ಬಾಕ್ಸರ್‌ಗಳಿಗೆ ಒಂದು ಡಾಲರೂ ಹೆಚ್ಚು ಬರುತ್ತಿರಲಿಲ್ಲ. ಇಬ್ಬರೂ ಸೋಲಿಲ್ಲದ ಚಾಂಪಿಯನ್‌ಗಳು. ಅಂಥ ಪಂದ್ಯಕ್ಕೆ ಬೈಗುಳದ ಪ್ರಚಾರ ಬೇಕೂ ಇರಲಿಲ್ಲ. ಮೇಲಾಗಿ ಆ ಮಾತು ರಿಂಗಿನಲ್ಲಿ ಉಳಿಯಲಿಲ್ಲ. ಫ್ರೇಜಿಯರ್ ಮನೆಗೆ ಬೆದರಿಕೆಗಳು ಬಂದವು. ಅವನ ಮಕ್ಕಳನ್ನು ಶಾಲೆಯಲ್ಲಿ ಪೀಡಿಸಿದರು, ಮಗ ಮಾರ್ವಿಸ್ ಮುಂದೆ ಈ ಬಗ್ಗೆ ಹೇಳಿಕೊಂಡಿದ್ದಾನೆ. ಪಂದ್ಯ ಮುಗಿದ ಮೇಲೆ ಬಾಕ್ಸರ್‌ಗಳು ತಬ್ಬಿಕೊಳ್ಳಬಹುದು, ಆದರೆ ನಿನ್ನಪ್ಪ ಜನಾಂಗದ್ರೋಹಿ ಎಂದು ಕೇಳಿಸಿಕೊಂಡ ಮಗುವಿಗೆ ಅದು ಪ್ರಚಾರ ಎಂದು ತಿಳಿಹೇಳುವವರು ಯಾರು?

ಆ ಮಾರ್ಚ್ 8ರ ರಾತ್ರಿ ಮ್ಯಾಡಿಸನ್ ಸ್ಕ್ವೇರ್ ಗಾರ್ಡನ್‌ನಲ್ಲಿ ಹದಿನೈದು ಸುತ್ತು ನಡೆಯಿತು. ಕೊನೆಯ ಸುತ್ತಿನಲ್ಲಿ ಆ ಬಾಗಿದ ಎಡಗೈ ಅಲಿಯನ್ನು ನೆಲಕ್ಕೆ ಕೆಡವಿತು. ಮೂವರು ತೀರ್ಪುಗಾರರೂ ಫ್ರೇಜಿಯರ್ ಗೆದ್ದ ಎಂದರು. ಅದೇ ರಾತ್ರಿ ಫಿಲಡೆಲ್ಫಿಯಾ ಸಮೀಪದ ಮೀಡಿಯಾ ಎಂಬ ಪಟ್ಟಣದಲ್ಲಿ ಇನ್ನೊಂದು ಘಟನೆ ನಡೆಯಿತು. ಯುದ್ಧವಿರೋಧಿಗಳಾದ ಎಂಟು ಮಂದಿ ಎಫ್‌ಬಿಐ ಕಚೇರಿಯ ಬೀಗ ಮುರಿದು ಕಡತಗಳನ್ನು ಹೊತ್ತೊಯ್ದರು. ಊರೆಲ್ಲ ಪಂದ್ಯದ ಸುದ್ದಿಗೆ ಕಿವಿಗೊಟ್ಟಿರುತ್ತದೆ ಎಂದೇ ಅವರು ಆ ರಾತ್ರಿಯನ್ನು ಆರಿಸಿಕೊಂಡಿದ್ದರು. ಸರ್ಕಾರ ತನ್ನದೇ ಪ್ರಜೆಗಳ ಮೇಲೆ, ವಿಶೇಷವಾಗಿ ಕಪ್ಪು ಸಂಘಟನೆಗಳ ಮೇಲೆ ನಡೆಸುತ್ತಿದ್ದ ಬೇಹುಗಾರಿಕೆ ಬಯಲಾದದ್ದು ಆ ಕಡತಗಳಿಂದ. ಆ ಎಂಟು ಮಂದಿ ನಾಲ್ಕು ದಶಕ ಬಾಯಿ ಬಿಡಲಿಲ್ಲ. ಅವರಲ್ಲಿ ಹೆಚ್ಚಿನವರು ಯಾರೆಂದು ಜಗತ್ತಿಗೆ ತಿಳಿದದ್ದು 2014ರಲ್ಲಿ. ಇದನ್ನು ಇಲ್ಲಿ ಹೇಳಲು ಕಾರಣವಿದೆ. ಪ್ರತಿರೋಧ ಎಂದರೆ ಮೈಕಿನ ಮುಂದಿನ ಮಾತು ಎಂದು ನಂಬಿದವರಿಗೆ ಆ ರಾತ್ರಿಯೇ ಉತ್ತರ ಕೊಡುತ್ತದೆ. ಆ ಕಾಲದ ಅಧಿಕಾರಕ್ಕೆ ಬಿದ್ದ ದೊಡ್ಡ ಪೆಟ್ಟುಗಳಲ್ಲೊಂದನ್ನು ಕೊಟ್ಟವರು ಮಾತೇ ಆಡದವರು.

ಗೆದ್ದ ತಿಂಗಳೊಳಗೆ ಫ್ರೇಜಿಯರ್ ಸೌತ್ ಕೆರೊಲಿನಾದ ಶಾಸನಸಭೆಯಲ್ಲಿ ಭಾಷಣ ಮಾಡಿದ. ಗುಲಾಮಗಿರಿಯನ್ನು ಉಳಿಸಲು ಕಾದಿದ ಕಾನ್ಫೆಡರೇಟ್ ಪಡೆಯ ಬಾವುಟ ಆಗ ಆ ಕಟ್ಟಡದ ಗುಮ್ಮಟದ ಮೇಲೆ ಹಾರುತ್ತಿತ್ತು. ಊರು ಬಿಟ್ಟು ಓಡಬೇಕಾಗಿ ಬಂದ ಕೂಲಿ ಹುಡುಗ ಅದೇ ಬಾವುಟದ ಕೆಳಗೆ ಅತಿಥಿಯಾಗಿ ನಿಂತ. ಬ್ಯೂಫರ್ಟ್ ಬಳಿ ಹಿಂದೊಮ್ಮೆ ಗುಲಾಮರು ದುಡಿದಿದ್ದ ಪ್ಲಾಂಟೇಷನ್ ಒಂದನ್ನು ಕೊಂಡು ಅವ್ವನಿಗೆ ಕೊಟ್ಟ. ಇದರಲ್ಲಿ ರಾಜಕೀಯ ಇಲ್ಲ ಎನ್ನುವವರಿಗೆ ರಾಜಕೀಯ ಎಂದರೇನು?

ಅಲಿಯ ರಾಜಕೀಯದ ಮುಂದಿನ ದಾರಿಯನ್ನೂ ನೋಡಬೇಕು. 1974ರಲ್ಲಿ ಕಿನ್ಷಾಸಾ ಪಂದ್ಯಕ್ಕೆ ಹಣ ಕೊಟ್ಟದ್ದು ಮೊಬುಟು. 1975ರ ಅಕ್ಟೋಬರ್ 1ರ ಪಂದ್ಯವನ್ನು ಮನಿಲಾಗೆ ಕರೆಸಿಕೊಂಡದ್ದು ಮಾರ್ಕೋಸ್. ಫಿಲಿಪ್ಪೀನ್ಸ್‌ನಲ್ಲಿ ಸೇನಾ ಆಡಳಿತ ಹೇರಿ ಆಗ ಮೂರು ವರ್ಷವಾಗಿತ್ತು. 1984ರ ಅಧ್ಯಕ್ಷ ಚುನಾವಣೆಯಲ್ಲಿ ಅಲಿ ಬೆಂಬಲಿಸಿದ್ದು ರೇಗನ್‌ನನ್ನು. ಮನಿಲಾದ ಹಣ ಫ್ರೇಜಿಯರ್‌ಗೂ ಸಿಕ್ಕಿತು, ಅವನೂ ಮಾರ್ಕೋಸ್‌ನ ಅತಿಥಿಯೇ. ಆದರೆ ಅವನು ಕ್ರಾಂತಿಯ ಗುತ್ತಿಗೆ ಹಿಡಿದಿರಲಿಲ್ಲ. ಅಲಿಯ ಇಂಥ ನಡೆಗಳನ್ನು ಅವನ ಸಂಕೀರ್ಣ ವ್ಯಕ್ತಿತ್ವ ಎಂದು ಒಪ್ಪಿಕೊಳ್ಳುವ ನಾವು, ಫ್ರೇಜಿಯರ್ ವಿಯೆಟ್ನಾಂ ಯುದ್ಧವನ್ನು ಖಂಡಿಸಲಿಲ್ಲ ಎಂಬ ಒಂದೇ ಕಾರಣಕ್ಕೆ ಅವನನ್ನು ಆಚೆಗಿಡುತ್ತೇವೆ.

ಮನಿಲಾದ ಉರಿಸೆಕೆಯಲ್ಲಿ ಹದಿನಾಲ್ಕು ಸುತ್ತು ನಡೆಯಿತು. ಫ್ರೇಜಿಯರ್‌ನ ಎಡಗಣ್ಣಿನ ದೃಷ್ಟಿ ಪೊರೆಯಿಂದಾಗಿ ಹಲವು ವರ್ಷಗಳಿಂದಲೇ ಮಂದವಾಗಿತ್ತು ಎಂದು ಅವನು ನಂತರ ಹೇಳಿದ. ಅಂದು ಬಲಗಣ್ಣೂ ಊದಿ ಮುಚ್ಚಿಕೊಂಡಿತು. ಕಾಣದ ಗುದ್ದುಗಳನ್ನು ತಿನ್ನುತ್ತಾ ಮುಂದೆ ನುಗ್ಗುತ್ತಲೇ ಇದ್ದವನನ್ನು ಹದಿನೈದನೆಯ ಸುತ್ತಿಗೆ ಏಳಲು ಎಡ್ಡಿ ಫಚ್ ಬಿಡಲಿಲ್ಲ. ರಿಂಗಿನಲ್ಲಿ ಸತ್ತ ಬಾಕ್ಸರ್‌ಗಳನ್ನು ಕಣ್ಣಾರೆ ಕಂಡಿದ್ದ ಮನುಷ್ಯ ಫಚ್. ಅವನ ಆ ನಿರ್ಧಾರ ಬಾಕ್ಸಿಂಗ್ ಕಂಡ ಅತ್ಯಂತ ಮಾನವೀಯ ಕ್ಷಣಗಳಲ್ಲಿ ಒಂದು. ಗೆದ್ದ ಅಲಿಯೂ ಇದು ಸಾವಿನ ಹತ್ತಿರದ ಅನುಭವ ಎಂದ. ಫ್ರೇಜಿಯರ್ ತನ್ನ ವೃತ್ತಿಯಲ್ಲಿ ಆಡಿದ್ದು 37 ಪಂದ್ಯ, ಗೆದ್ದದ್ದು 32, ಡ್ರಾ ಒಂದು. ನಾಲ್ಕು ಸೋಲುಗಳೂ ಇಬ್ಬರಿಂದ ಮಾತ್ರ: ಎರಡು ಅಲಿಯಿಂದ, ಎರಡು ಜಾರ್ಜ್ ಫೋರ್‌ಮನ್‌ನಿಂದ.

ಮುಂದಿನ ವರ್ಷ 'ರಾಕಿ' ಸಿನಿಮಾ ಬಂತು. ಫಿಲಡೆಲ್ಫಿಯಾದ ಬಿಳಿಯ ಬಾಕ್ಸರನೊಬ್ಬ ತೂಗುಹಾಕಿದ ದನದ ಮಾಂಸವನ್ನು ಗುದ್ದಿ ಅಭ್ಯಾಸ ಮಾಡುತ್ತಾನೆ. ಆ ಕಸಾಯಿಖಾನೆಯಲ್ಲಿ ಹಾಗೆ ಗುದ್ದುತ್ತಿದ್ದವನು ತಾನು ಎಂದು ಫ್ರೇಜಿಯರ್ ಹೇಳುತ್ತಲೇ ಇದ್ದ. ಅವನಿಗೆ ಸಿಕ್ಕಿದ್ದು ಆ ಸಿನಿಮಾದಲ್ಲಿ ಒಂದೆರಡು ಕ್ಷಣದ ಪಾತ್ರ. ಇರದೇ ಇದ್ದ ರಾಕಿಯ ಕಂಚಿನ ಪ್ರತಿಮೆ 1980ರ ದಶಕದಲ್ಲೇ ಆ ನಗರಕ್ಕೆ ಬಂತು. ಇದ್ದ ಫ್ರೇಜಿಯರ್‌ನ ಪ್ರತಿಮೆ ನಿಂತದ್ದು 2015ರ ಸೆಪ್ಟೆಂಬರ್‌ನಲ್ಲಿ, ಅವನು ಸತ್ತು ನಾಲ್ಕು ವರ್ಷವಾಗುತ್ತಾ ಬಂದಾಗ. ನಾರ್ತ್ ಬ್ರಾಡ್ ಬೀದಿಯಲ್ಲಿ ಅವನು ನಡೆಸುತ್ತಿದ್ದ ಜಿಮ್‌ನಲ್ಲಿ ಬಡ ಹುಡುಗರು ಬಾಕ್ಸಿಂಗ್ ಕಲಿತರು. ಅದರ ಮೇಲಿನ ಕೋಣೆಯಲ್ಲಿ ಅವನು ವಾಸವಿದ್ದ. 2008ರಲ್ಲಿ ಅದು ಮುಚ್ಚಿ, ಆ ಕಟ್ಟಡದಲ್ಲಿ ಪೀಠೋಪಕರಣದ ಅಂಗಡಿ ಬಂತು.

ಫ್ರೇಜಿಯರ್ ಸಂತನಲ್ಲ. ಅಲಿಯ ಕಾಯಿಲೆಗೆ ತನ್ನ ಗುದ್ದುಗಳೇ ಕಾರಣ ಎಂದು ಜಂಬ ಕೊಚ್ಚಿಕೊಂಡ. ಅಟ್ಲಾಂಟಾದಲ್ಲಿ ಅಲಿ ಜ್ಯೋತಿ ಬೆಳಗಿದ್ದನ್ನು ನೋಡಿ ಅವನನ್ನು ಆ ಬೆಂಕಿಗೇ ತಳ್ಳಬೇಕಿತ್ತು ಎಂಬರ್ಥದ ಮಾತಾಡಿದ. ಅದು ಕ್ರೌರ್ಯ, ಅದಕ್ಕೆ ಸಮರ್ಥನೆಯಿಲ್ಲ. ಆದರೆ ಪತ್ರಿಕೆಗಳು ವಿಚಿತ್ರ ನ್ಯಾಯ ನಡೆಸಿದವು. ಅವಮಾನ ಮಾಡಿದವನ ಮಾತು ಪ್ರಚಾರ, ಅವಮಾನಗೊಂಡವನ ಮಾತು ವಿಷ. ಇಷ್ಟು ವರ್ಷ ಕಳೆದರೂ ಮರೆಯಬಾರದೇ ಎಂದು ಕೇಳಿದ್ದು ಯಾವಾಗಲೂ ಫ್ರೇಜಿಯರ್‌ನನ್ನು. ಅಲಿ ಕ್ಷಮೆ ಕೇಳಿದ್ದು ಪತ್ರಿಕೆಯಲ್ಲಿ. ಎದುರಿಗೆ ಬಂದು ಹೇಳಲಿ ಎಂದು ಫ್ರೇಜಿಯರ್ ಬಯಸಿದ್ದು ಹಟಮಾರಿತನವೇ? ಬೈದದ್ದು ಲೋಕದ ಮುಂದೆಯಾದರೂ ಗಾಯವಾದದ್ದು ಒಬ್ಬ ಮನುಷ್ಯನಿಗೆ. ಕ್ಷಮಿಸುವುದು ಗಾಯಗೊಂಡವನ ಹಕ್ಕು, ನೋಡುಗರು ವಸೂಲಿ ಮಾಡುವ ಕಂದಾಯವಲ್ಲ.

ಇದೆಲ್ಲ ಅಮೆರಿಕದ ಹಳೆಯ ಜಗಳ, ನಮಗೇಕೆ ಎನ್ನಬಹುದು. ಓದುವ ಬರೆಯುವ ನಮ್ಮಂಥವರಿಗೆ ಮಾತು ಬಲ್ಲವರ ಮೇಲೆ ಸಹಜ ಮೋಹ. ಸಂಶೋಧನೆಯ ವಿಧಾನವೂ ಅದನ್ನೇ ಪೋಷಿಸುತ್ತದೆ: ಭಾಷಣ, ಸಂದರ್ಶನ, ಹೇಳಿಕೆ, ಪತ್ರ ಇದ್ದವರು ಆಕರವಾಗುತ್ತಾರೆ, ದುಡಿದು, ತಡೆದುಕೊಂಡು, ಸುಮ್ಮನಿದ್ದವರು ಅಡಿಟಿಪ್ಪಣಿಯಾಗುತ್ತಾರೆ. ನಮ್ಮ ಚಳವಳಿಗಳ ಇತಿಹಾಸ ಬರೆಯುವಾಗಲೂ ವೇದಿಕೆ ಹತ್ತಿದವರ ಹೆಸರು ಸಿಗುತ್ತದೆ, ವೇದಿಕೆ ಕಟ್ಟಿದವರದು ಸಿಗುವುದಿಲ್ಲ. ಇದಕ್ಕಿಂತ ಅಪಾಯದ್ದು, ಹೀಗೆ ಮಾತು ಬಲ್ಲವರ ಕೈಗೆ ನಾವು ಕೊಡುವ ಠಸ್ಸೆ. ಯಾರು ನಿಜವಾದ ದಲಿತ, ಯಾರು ನಿಜವಾದ ರೈತ, ಯಾರು ನಿಜವಾದ ಸ್ತ್ರೀವಾದಿ ಎಂದು ಸರ್ಟಿಫಿಕೇಟ್ ಹಂಚುವ ಕೆಲಸ ಅದರಿಂದಲೇ ಶುರುವಾಗುತ್ತದೆ. ಘೋಷಣೆ ಗೊತ್ತಿಲ್ಲದ ಕೂಲಿಯವನು ಒಂದು ದಿನ ದ್ರೋಹಿ ಎನಿಸಿಕೊಂಡು ಮನೆಗೆ ಹೋಗುತ್ತಾನೆ. ಅಧಿಕಾರಕ್ಕೆ ಇದರಿಂದ ಏನೂ ನಷ್ಟವಿಲ್ಲ.

ಅಲಿಯ ಚಿತ್ರವನ್ನು ಗೋಡೆಯಿಂದ ಇಳಿಸಿ ಎಂದು ನಾನು ಹೇಳುತ್ತಿಲ್ಲ. 1967ರ ಅಲಿಯನ್ನು ಕಲಿಸುವವರು 1971 ಮತ್ತು 1975ರ ಅಲಿಯನ್ನೂ ಕಲಿಸಲಿ. ಗೊರಿಲ್ಲಾ ಎಂಬುದನ್ನು ಪ್ರಾಸವೆಂದು ಉದ್ಧರಿಸುವುದನ್ನು ಬಿಟ್ಟು, ಜನಾಂಗೀಯ ಬೈಗುಳವೆಂದು ಹೆಸರಿಡಲಿ. ಜೋ ಫ್ರೇಜಿಯರ್ 2011ರ ನವೆಂಬರ್ 7ರಂದು ಯಕೃತ್ತಿನ ಕ್ಯಾನ್ಸರ್‌ನಿಂದ ತೀರಿಕೊಂಡ. ಅಂತ್ಯಕ್ರಿಯೆಗೆ, ಆಗಲೇ ಮಾತು ಬಹುತೇಕ ನಿಂತುಹೋಗಿದ್ದ ಅಲಿ ಬಂದಿದ್ದ. ಅವರಿಬ್ಬರ ಲೆಕ್ಕ ಅಲ್ಲಿಗೆ ಮುಗಿದಿರಬಹುದು. ನಕ್ಕವರ ಲೆಕ್ಕ ಮುಗಿದಿಲ್ಲ.